ಎಕ್ಸ್‌ರೇ ಕೋಣೆಯ ಜೋಲಣ್ಣ

ಜೋಲಣ್ಣ ಸತ್ತಾಗ ಅವನ ಮುಖ ಬದುಕಿದ್ದಾಗ ಇದ್ದ ಹಾಗೆಯೇ ಇತ್ತು. ನೋಡಲು ಬಂದ ಆಸ್ಪತ್ರೆಯವರಲ್ಲಿ ಒಬ್ಬರು ಬಾಯಿ ತಪ್ಪಿ ಹಾಗೆಂದರು. ಅದರಲ್ಲಿ ಸುಳ್ಳೇನೂ ಇರಲಿಲ್ಲ. ಕಣ್ಣಿನ ಹೊರತುದಿಗಳು ಕೆಳಕ್ಕೆ ಇಳಿದಿದ್ದವು, ಕೆನ್ನೆ ಜೋತಿತ್ತು, ತುಟಿಯ ಎರಡು ಕೊನೆಗಳೂ ಗಲ್ಲದ ಕಡೆ ಹೊರಟಿದ್ದವು. ಹುಟ್ಟುವಾಗಲೇ ಹೊತ್ತು ತಂದ ಮುಖ ಅದು. ಅವನನ್ನು ಹೆತ್ತ ದಿನ ಸೂಲಗಿತ್ತಿ ಕೂಸಿನ ಮೋರೆ ನೋಡಿದವಳೇ ತಾಯಿಗೇನೋ ಆಗಿಹೋಯಿತೆಂದು ಗಾಬರಿಯಾಗಿ ತಿರುಗಿ ನೋಡಿದ್ದಳಂತೆ. ಈ ಕಥೆಯನ್ನು ತಾಯಿ ಸಾಯುವವರೆಗೂ ಹೇಳಿ ನಗುತ್ತಿದ್ದಳು.

ಅವನ ಆಯುಸ್ಸೆಲ್ಲ ಕಳೆದದ್ದು ದೊಡ್ಡಾಸ್ಪತ್ರೆಯ ಎಕ್ಸ್‌ರೇ ಕೋಣೆಯಲ್ಲಿ. ಕಾರಿಡಾರಿನ ತುದಿಗೆ ಸೀಸದ ತಗಡು ಹೊಡೆದ ಭಾರದ ಬಾಗಿಲು, ಅದರ ಮೇಲೊಂದು ಕೆಂಪು ದೀಪ. ಒಳಗೆ ತಣ್ಣನೆಯ ಮೇಜು, ಮೊಳೆಗೆ ನೇತುಹಾಕಿದ ಸೀಸದ ಏಪ್ರನ್ನು, ದಪ್ಪ ಗಾಜಿನ ಹಿಂದೆ ಅವನು ನಿಲ್ಲುವ ಮೂಲೆ. ಪಕ್ಕದ ಕತ್ತಲೆ ಕೋಣೆಯಲ್ಲಿ ಫಿಲ್ಮು ತೊಳೆದು ತೊಳೆದು ಅವನ ಉಗುರುಗಳು ಕಂದುಬಣ್ಣಕ್ಕೆ ತಿರುಗಿದ್ದವು. ಎಷ್ಟು ಸೋಪು ಹಾಕಿದರೂ ಮೈಯಿಂದ ಆ ಹುಳಿ ವಾಸನೆ ಹೋಗುತ್ತಿರಲಿಲ್ಲ. "ಉಸಿರು ಎಳ್ಕೊಳ್ಳಿ... ಬಿಗಿ ಹಿಡ್ಕೊಳ್ಳಿ... ಬಿಡಿ" ಎನ್ನುವುದು ಅವನ ಇಡೀ ಉದ್ಯೋಗದ ಮಾತು. ಅದಕ್ಕಿಂತ ಹೆಚ್ಚು ಮಾತಾಡುವಂತಿರಲಿಲ್ಲ. ಫಿಲ್ಮಿನಲ್ಲಿ ಏನಿದೆಯೆಂದು ಹೇಳುವ ಅಧಿಕಾರ ಡಾಕ್ಟರದು.

ಆದರೆ ರೋಗಿಗಳು ಬಿಡಬೇಕಲ್ಲ. ಅಂಗಿಯ ಗುಂಡಿ ಹಾಕಿಕೊಳ್ಳುತ್ತಲೇ ಅವನ ಮುಖ ನೋಡುತ್ತಿದ್ದರು.

"ಏನಾದ್ರೂ ಕಾಣಿಸ್ತಾ ಸರ್?"

"ಡಾಕ್ಟ್ರು ಹೇಳ್ತಾರೆ."

ಅಷ್ಟು ಸಾಕಿತ್ತು. ಮೆಟ್ಟಿಲಿನಿಂದ ಜಾರಿ ಪಕ್ಕೆಲುಬಿಗೆ ಪೆಟ್ಟು ಮಾಡಿಕೊಂಡ ಒಬ್ಬ ಮುದುಕಿಯಂತೂ ಅವನ ಮುಖದಲ್ಲೇ ತನ್ನ ತೀರ್ಪು ಓದಿಕೊಂಡು ನೇರ ಮನೆಗೆ ಹೋಗಿ ಮೈಮೇಲಿನ ಒಡವೆಯನ್ನೆಲ್ಲ ಸೊಸೆಯರಿಗೆ ಹಂಚಿಬಿಟ್ಟಳು. ಬರೀ ಸಣ್ಣ ಬಿರುಕು ಎಂದು ಗೊತ್ತಾದ ಮೇಲೆ ಎಕ್ಸ್‌ರೇ ಕೋಣೆಯ ಬಾಗಿಲಿಗೇ ಬಂದು ನಿಂತಳು.

"ಏನಪ್ಪಾ, ನಿನ್ನ ಮೋರೆ ನಂಬಿ ಹಾಳಾದೆ ನಾನು! ಸೊಸೆಯಂದಿರು ವಾಪಸ್ ಕೊಡ್ತಿಲ್ಲ. ನೀನೇ ಬಂದು ಹೇಳು, ಅತ್ತೆ ಇನ್ನೂ ಬದುಕ್ತಾಳೆ ಅಂತ."

"ನಾನು ಬಂದು ಹೇಳಿದ್ರೆ ಅವರು ನಂಬ್ತಾರಾ ಅಜ್ಜಿ? ಈ ಮೋರೆ ನೋಡಿದ್ರೆ ಗಾಜಿನ ಬಳೆನೂ ಬಿಚ್ಚಿಸ್ಕೋತಾರೆ."

ಹೀಗೆ ಹೇಳುವಾಗಲೂ ಅವನ ತುಟಿ ಅಲುಗುತ್ತಿರಲಿಲ್ಲ. ಅವನ ತಮಾಷೆಯೆಲ್ಲ ಹಾಗೆಯೇ, ಸಾವಿನ ಸುದ್ದಿ ತಂದವನ ದನಿಯಲ್ಲಿ. ಗೊತ್ತಿದ್ದವರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು, ಗೊತ್ತಿಲ್ಲದವರು ಸಮಾಧಾನ ಹೇಳಲು ಬರುತ್ತಿದ್ದರು.

ಮುದುಕಿಯ ಒಡವೆಯ ವಿಷಯ ಮೇಲಿನವರೆಗೂ ಹೋಯಿತು. ತಿಂಗಳ ಮೀಟಿಂಗಿನಲ್ಲಿ ಹಿರಿಯ ಡಾಕ್ಟರಮ್ಮ, ವಿದೇಶದಲ್ಲಿ ಓದಿ ಬಂದವರು, ಕನ್ನಡಕ ತೆಗೆದು ಮೇಜಿನ ಮೇಲಿಟ್ಟು ಹೇಳಿದರು. "ಮನುಷ್ಯ ಒಳ್ಳೆಯವರೇ, ಕೆಲಸಾನೂ ಚೊಕ್ಕ. ಆದ್ರೆ ಆ ಮುಖ ತೀರಾ ಲುಗೂಬ್ರಿಯಸ್ ಆಯ್ತು. ಪೇಷಂಟ್ಸ್ ಹೆದರ್ತಾರೆ."

ಕೋಣೆಯಲ್ಲಿ ಯಾರಿಗೂ ಆ ಪದ ತಿಳಿಯಲಿಲ್ಲ. ಹಿರಿಯ ನರ್ಸಕ್ಕ ಪಕ್ಕದಲ್ಲೇ ಕೂತಿದ್ದ ಅವನ ಕಡೆ ಬಾಗಿ ಪಿಸುಗುಟ್ಟಿದಳು. "ಅಯ್ಯೋ ಜೋಲಣ್ಣ, ಅದಕ್ಕೆ ಮಾತ್ರೆ ಇದ್ಯಾ, ಆಪರೇಷನ್ನೇ ಆಗ್ಬೇಕಾ?"

"ಅಂಟುರೋಗ ಇರಬೇಕು. ದೂರ ಕೂತ್ಕೊಳ್ಳಿ ಅಕ್ಕಾ."

ಆ ಸಂಜೆ ಅವನು ಸೀದಾ ತನ್ನ ಗೆಳೆಯ ಇಂಗ್ಲಿಷ್ ಮೇಷ್ಟ್ರ ಮನೆಗೆ ಹೋದ. ಇಬ್ಬರೂ ಒಂದೇ ಬೆಂಚಿನಲ್ಲಿ ಕೂತು ಓದಿದವರು. ಮೇಷ್ಟ್ರು ಹಿತ್ತಿಲ ಮೆಟ್ಟಿಲ ಮೇಲೆ ಉತ್ತರಪತ್ರಿಕೆ ತಿದ್ದುತ್ತಿದ್ದರು.

"ಲುಗೂಬ್ರಿಯಸ್ ಅಂದ್ರೇನೋ?"

ಮೇಷ್ಟ್ರು ಅವನ ಮುಖ ನೋಡಿದವರೇ ಪೆನ್ನು ಕೆಳಗಿಟ್ಟು ನಗಲು ಶುರುಮಾಡಿದರು. ನಗು ನಿಂತ ಮೇಲೆ ಪಾಠ ಶುರುವಾಯಿತು. ಆ ಪದದ ಬೇರು ಲ್ಯಾಟಿನ್ನಿನಲ್ಲಿದೆ, ಶೋಕಿಸು ಎನ್ನುವ ಮಾತಿನಲ್ಲಿ. ಶೋಕದಿಂದಲೇ ಹುಟ್ಟಿದ್ದಾದರೂ ಈಗ ಅದನ್ನು ನಿಜವಾದ ಶೋಕಕ್ಕೆ ಬಳಸುವವರು ಕಡಿಮೆ. ವಿಷಯ ಬೆರಳಷ್ಟಿದ್ದು ಮುಖ ಬೆಟ್ಟದಷ್ಟು ಇಳಿದಿದ್ದರೆ ಆಗ ಬಳಸುತ್ತಾರೆ. ಉದ್ದ ಕಿವಿ ಜೋತಾಡಿಸಿಕೊಂಡು ಕೂತ ನಾಯಿಗೆ ಹೇಳಬಹುದು. ಎಲ್ಲ ಹಾಡನ್ನೂ ಅಳುವ ರಾಗಕ್ಕೆ ಎಳೆಯುವ ಹಳೆಯ ಹಾರ್ಮೋನಿಯಮ್ಮಿಗೆ ಹೇಳಬಹುದು.

"ಹೆಂಡತಿ ಸತ್ತವನಿಗೆ ಈ ಪದ ಹಾಕಿದ್ರೆ, ಹಾಕಿದವನ ಹಲ್ಲು ಉದುರಿಸ್ಬೇಕು," ಎಂದರು ಮೇಷ್ಟ್ರು. "ಬಸ್ ತಪ್ಪಿದ್ದಕ್ಕೆ ಹೆಂಡತಿ ಸತ್ತವನ ಥರ ಕೂತಿರ್ತಾನಲ್ಲ, ಅವನಿಗೆ ಹಾಕು. ಆ ಪದದ ಹೊಟ್ಟೆಯೊಳಗೆ ಒಂದು ನಗು ಇದೆ ಕಣೋ. ಹೇಳೋನಿಗೂ ಗೊತ್ತಿರುತ್ತೆ, ಕೇಳೋನಿಗೂ ಗೊತ್ತಿರುತ್ತೆ, ನಿಜವಾಗಿ ಏನೂ ಆಗಿಲ್ಲ ಅಂತ."

"ನಮ್ಮಲ್ಲಿ ಏನಂತಾರೆ ಅದಕ್ಕೆ?"

ಇಬ್ಬರೂ ಹುಡುಕಿದರು. ಅಳುಮುಂಜಿ ಆಗಲಿಲ್ಲ, ಅಳುಮುಂಜಿ ನಿಜಕ್ಕೂ ಅಳುತ್ತಾನೆ. ಹರಳೆಣ್ಣೆ ಕುಡಿದ ಮುಖ ಎಂದರೆ ಅದರಲ್ಲಿ ಸಿಡುಕು ಇದೆ, ದುಃಖವಿಲ್ಲ. ಸಪ್ಪೆ ಮೋರೆಗೆ ತೂಕ ಸಾಲದು. ಕೊನೆಗೆ ಜೋಲುಮೋರೆ ಹತ್ತಿರ ಬಂತು.

"ಹಾಗಾದ್ರೆ ಡಾಕ್ಟ್ರಮ್ಮ ಹೊಸದೇನೂ ಹೇಳಿಲ್ಲ," ಎಂದ ಜೋಲಣ್ಣ. "ವಿದೇಶಕ್ಕೆ ಹೋಗಿ ಬಂದು ನನ್ನ ಹೆಸರೇ ಹೇಳಿದ್ದಾರೆ."

ಅಂದಿನಿಂದ ಪದ ಅವನದಾಯಿತು. ರಸ್ತೆಯಲ್ಲಿ ಯಾವುದಾದರೂ ನಾಯಿ ಕಂಡರೆ "ನಮ್ಮ ಪಂಗಡ" ಎನ್ನುತ್ತಿದ್ದ. ಆಸ್ಪತ್ರೆಯಲ್ಲಿ ಅವನಿಗೆ ಮುಖಕ್ಕೆ ಕಟ್ಟಿಕೊಳ್ಳಲು ಮಾಸ್ಕ್ ಕೊಟ್ಟರು. ಕಣ್ಣು ಮಾತ್ರ ಕಾಣುವಂತಾದ ಮೇಲೆ ರೋಗಿಗಳು ಇನ್ನೂ ಹೆಚ್ಚು ಹೆದರಿದರು. ಮಾಸ್ಕನ್ನು ವಾಪಸ್ ಇಸಿದುಕೊಂಡರು.

ಕೆಮ್ಮು ಯಾವಾಗ ಶುರುವಾಯಿತೋ ಅವನಿಗೇ ಸರಿಯಾಗಿ ನೆನಪಿರಲಿಲ್ಲ. ಬೆನ್ನಲ್ಲಿ ಭುಜದ ಮೂಳೆಯ ಕೆಳಗೆ ಒಂದು ನೋವು ಬಂದು ಕೂತಿತ್ತು. ಅವನು ಸೊರಗಿದ್ದನ್ನೂ ಯಾರೂ ಗಮನಿಸಲಿಲ್ಲ. ಮೊದಲೇ ಇಳಿದ ಮುಖ ಇನ್ನಷ್ಟು ಇಳಿದರೆ ಯಾರ ಕಣ್ಣಿಗೆ ಬೀಳಬೇಕು? ಅವನ ಜೊತೆ ಕೆಲಸ ಮಾಡುವ ಟೆಕ್ನಿಷಿಯನ್ ಹೆಂಗಸು, ಅವನನ್ನು ಅಣ್ಣಾ ಎನ್ನುವವಳು, ಒಂದು ಮಧ್ಯಾಹ್ನ ಅವನ ಕೆಮ್ಮು ಕೇಳಿ ಕೇಳಿ ಬೇಸತ್ತು ಎದ್ದಳು.

"ಅಣ್ಣಾ, ಬನ್ನಿ ಇಲ್ಲಿ. ನಿಮ್ಮದೊಂದು ತೆಗೆದುಬಿಡ್ತೀನಿ."

"ಬೇಡಮ್ಮ. ಚೆನ್ನಾಗಿ ಬರಲ್ಲ ನಾನು ಫೋಟೋದಲ್ಲಿ."

"ಇದರಲ್ಲಿ ಮುಖ ಬರಲ್ಲ, ಹೆದರ್ಬೇಡಿ. ಅಂಗಿ ಬಿಚ್ಚಿ."

ಎದೆಯನ್ನು ತಣ್ಣನೆಯ ತಗಡಿಗೆ ಒತ್ತಿ ನಿಂತ. ಗಾಜಿನ ಆಚೆಯಿಂದ ಅವನದೇ ಮಾತು ಬಂತು. ಎಳ್ಕೊಳ್ಳಿ, ಬಿಗಿ ಹಿಡ್ಕೊಳ್ಳಿ. ಉಸಿರು ಪೂರ್ತಿ ಎಳೆಯಲು ಆಗಲಿಲ್ಲ.

ಫಿಲ್ಮನ್ನು ತಾನೇ ತೊಳೆದ. ಕತ್ತಲೆ ಕೋಣೆಯ ಕೆಂಪು ಬೆಳಕಿಗೆ ಫಿಲ್ಮು ಸಿಕ್ಕಿಸಿದ ಹ್ಯಾಂಗರನ್ನು ಎತ್ತಿ ಹಿಡಿದಾಗ ನೀರು ಮೊಣಕೈವರೆಗೆ ಇಳಿಯಿತು. ಬಲಗಡೆ, ಮೇಲ್ಗಡೆ, ಕಪ್ಪಿರಬೇಕಾದಲ್ಲಿ ಮುಷ್ಟಿಯಷ್ಟು ಬಿಳಿ. ಅಂಚು ಒರಟು. ಇಂಥವನ್ನು ಎಷ್ಟು ಜನರದು ನೋಡಿದ್ದ. ಪ್ರತಿ ಸಲವೂ ಬಾಗಿಲು ತೆರೆದು ಹೊರಗೆ ಹೋಗಿ ಡಾಕ್ಟ್ರು ಹೇಳ್ತಾರೆ ಎಂದಿದ್ದ. ಈಗ ಬಾಗಿಲಾಚೆ ಯಾರೂ ಕಾಯುತ್ತಿರಲಿಲ್ಲ. ಫಿಲ್ಮಿನಿಂದ ಹನಿ ಬೀಳುವ ಸದ್ದು ಕೇಳುತ್ತ ನಿಂತವನಿಗೆ ಒಂದು ವಿಚಿತ್ರ ಯೋಚನೆ ಬಂತು. ಇನ್ನು ಮುಂದೆ ಆ ಇಂಗ್ಲಿಷ್ ಪದ ತನಗೆ ಸಲ್ಲದು. ಮುಖಕ್ಕೆ ತಕ್ಕ ವಿಷಯ ಬಂದುಬಿಟ್ಟಿತು.

ಡಾಕ್ಟರಮ್ಮ ಫಿಲ್ಮನ್ನು ಬೆಳಕಿನ ಪೆಟ್ಟಿಗೆಗೆ ಸಿಕ್ಕಿಸಿ ಬಹಳ ಹೊತ್ತು ನೋಡಿದರು.

"ಇಷ್ಟು ದಿನ ಸುಮ್ನೆ ಯಾಕಿದ್ರಿ? ಮನೇಲಿ ಯಾರೂ ಗಮನಿಸ್ಲಿಲ್ವಾ?"

"ನೋಡಿದ್ರೆ ಗೊತ್ತಾಗೋ ಮುಖ ಅಲ್ಲ ಡಾಕ್ಟ್ರೇ ನನ್ದು."

ಅವರು ಕನ್ನಡಕ ಒರೆಸಿಕೊಂಡರು. ಇನ್ನಷ್ಟು ಪರೀಕ್ಷೆ ಮಾಡಬೇಕು, ಆದರೆ ದೊಡ್ಡ ಆಸೆ ಇಟ್ಟುಕೊಳ್ಳಬೇಡಿ ಎಂದರು. ತಿಂಗಳುಗಳ ಮಾತು ಎಂದರು. "ಇವತ್ತೇ ನಿಮ್ಮ ಹೆಂಡತಿಗೆ ಹೇಳಿ."

ಮನೆಯಲ್ಲಿ ಹೆಂಡತಿ ಚೀಲ ಕಟ್ಟುತ್ತಿದ್ದಳು. ದೂರದ ಊರಿನಲ್ಲಿದ್ದ ಮಗಳಿಗೆ ದಿನ ತುಂಬಿತ್ತು. ಚೊಚ್ಚಲ ಹೆರಿಗೆ. ತಾಯಿ ಹೋದರೆ ಬಾಣಂತನ ಮುಗಿಸಿಕೊಂಡೇ ಬರುವುದು, ಮರುದಿನ ಬೆಳಗ್ಗೆಯ ರೈಲು. ಹಾಸಿಗೆಯ ಮೇಲೆ ಹಳೆಯ ಸೀರೆಗಳನ್ನು ಹರಿದು ಮಾಡಿದ ಮೆತ್ತನೆಯ ಬಟ್ಟೆಗಳು, ಮಗುವಿನ ಟೋಪಿ, ಅವಳು ತಾನೇ ಹೊಲಿದ ಪುಟ್ಟ ಹೊದಿಕೆ ಹರಡಿದ್ದವು. ಜೋಲಣ್ಣ ಬಾಗಿಲಿಗೆ ಒರಗಿ ನಿಂತ. ಹೇಳಿದರೆ ಅವಳು ಹೋಗುವುದಿಲ್ಲ, ಮಗಳು ಒಬ್ಬಳೇ ಆಗುತ್ತಾಳೆ. ಹೇಳದಿದ್ದರೆ ಅವಳು ಬರುವ ಹೊತ್ತಿಗೆ ತಾನು ಮಾತಾಡುವ ಸ್ಥಿತಿಯಲ್ಲಿ ಇರುತ್ತೇನೋ ಇಲ್ಲವೋ. ಬಸ್ಸಿನಲ್ಲಿ ಬರುವಾಗಲೆಲ್ಲ ಇದನ್ನೇ ತಿರುವಿ ತಿರುವಿ ಹಾಕಿ, ಹೇಳಲೇಬೇಕೆಂದು ತೀರ್ಮಾನಿಸಿಕೊಂಡೇ ಬಂದಿದ್ದ.

"ಲೇ, ನೀನು ವಾಪಸ್ ಬರೋ ಹೊತ್ತಿಗೆ ನಾನು ಇರಲ್ಲ ಕಣೇ."

ಅವಳು ತಲೆ ಎತ್ತಲಿಲ್ಲ. "ಹೋದ ಸಲ ಅಕ್ಕನ ಮನೆಗೆ ಹೋದಾಗ್ಲೂ ಇದೇ ಹೇಳಿದ್ರಿ. ಬಂದು ನೋಡಿದ್ರೆ ನೀವೂ ಇದ್ರಿ, ತೊಳೀದೆ ಇರೋ ಪಾತ್ರೆನೂ ಇದ್ವು."

"ಇದು ನಿಜ."

"ನಿಮ್ದು ಯಾವಾಗ ಸುಳ್ಳಿತ್ತು? ಆ ದಾರ ಕೊಡಿ ಇತ್ಲಾಗೆ."

"ಎದೇಲಿ ಗಡ್ಡೆ ಇದೆ. ಎಕ್ಸ್‌ರೇ ತೆಗೆಸ್ದೆ ಇವತ್ತು."

ಆಗ ಅವಳು ತಲೆ ಎತ್ತಿ ಅವನ ಮುಖ ನೋಡಿದಳು. ಮದುವೆಯಾದ ದಿನದಿಂದ ದಿನಾ ಕಂಡ ಮುಖ. ಉಪ್ಪು ಮುಗಿದಾಗಲೂ ಅದೇ, ಮಗಳು ಪಾಸಾದಾಗಲೂ ಅದೇ. ಅವಳಿಗೆ ನಗು ತಡೆಯಲಾಗಲಿಲ್ಲ. "ಗಡ್ಡೆ ಅಲ್ಲ ರೀ, ನಾನು ಹೊರಡ್ತೀನಿ ಅಂತ ಹೊಟ್ಟೇಲಿ ಸಂಕಟ ನಿಮಗೆ. ಅದು ಎಕ್ಸ್‌ರೇಲಿ ಬರಲ್ಲ. ಬನ್ನಿ, ಈ ಗಂಟು ಎಳೆದು ಕಟ್ಟಿ."

ಅವನು ಗಂಟು ಕಟ್ಟಿದ. ಹೇಳಿದ್ದಾಯಿತು, ಅವಳು ನಂಬಲಿಲ್ಲ. ಅವನಿಗೆ ಸಿಟ್ಟು ಬರಲಿಲ್ಲ, ಒಂದು ಬಗೆಯ ಬಿಡುಗಡೆಯೇ ಆಯಿತು. ಹೋಗಲಿ. ಮಗಳ ಹತ್ತಿರ ಒಬ್ಬರಾದರೂ ಇರಲಿ. ನಗುತ್ತ ಹೋಗುತ್ತಿದ್ದಾಳೆ, ನಗುತ್ತಲೇ ಹೋಗಲಿ. ಹಾಗೆಂದುಕೊಂಡು ಮಲಗಿದ.

ಬೆಳಗ್ಗೆ ಸ್ಟೇಷನ್ನಿನಲ್ಲಿ ಜನಜಂಗುಳಿ. ಚೀಲಗಳನ್ನು ಒಳಗಿಟ್ಟು, ಕಿಟಕಿಯ ಪಕ್ಕ ಅವಳಿಗೆ ಜಾಗ ಹಿಡಿದುಕೊಟ್ಟು ಕೆಳಗಿಳಿದ. ಹತ್ತಿ ಇಳಿದದ್ದಕ್ಕೇ ಏದುಸಿರು ಬಂದು, ಕಂಬಕ್ಕೆ ಕೈ ಊರಿ ನಿಂತ. ಅವಳು ಕಿಟಕಿಯ ಸರಳುಗಳ ಹಿಂದಿನಿಂದ ಒಂದೇ ಸಮನೆ ಹೇಳುತ್ತಿದ್ದಳು. ಗ್ಯಾಸ್ ಆಫ್ ಮಾಡಿ ಮಲಗಿ, ಕೆಮ್ಮಿಗೆ ಬಿಸಿನೀರು ಕುಡಿಯಿರಿ, ಪಕ್ಕದ ಮನೆಯವರ ಹತ್ತಿರ ಒಂದು ಬೀಗದ ಕೈ ಕೊಟ್ಟಿರಿ. ಅವನು ಎಲ್ಲದಕ್ಕೂ ತಲೆಯಾಡಿಸಿದ. ಸಿಗ್ನಲ್ ಬಿತ್ತು. ಇವಳು ಕೊನೆಯದಾಗಿ ನೋಡುವುದು ಈ ಇಳಿಮೋರೆಯನ್ನೇ ಆಗಬಾರದು ಎಂದು ಅವನಿಗೆ ಅನ್ನಿಸಿತು. ಧೈರ್ಯವಾಗಿ ಹೋಗಲಿ ಎಂದು, ಇದ್ದಬದ್ದ ಶಕ್ತಿಯನ್ನೆಲ್ಲ ಕೆನ್ನೆಗೆ ತಂದು ತುಟಿಯ ಎರಡೂ ಕೊನೆಗಳನ್ನು ಮೇಲಕ್ಕೆಳೆದ.

ಅವಳ ಮಾತು ಅಲ್ಲಿಗೇ ನಿಂತಿತು.

"ಯಾಕ್ರೀ ನಗ್ತಿದ್ದೀರಾ?"

"ಸುಮ್ನೆ."

"ಯಾವತ್ತೂ ನಕ್ಕೋರಲ್ಲ ನೀವು." ಅವಳ ದನಿ ಸಣ್ಣಗಾಯಿತು. "ನಿನ್ನೆ ಹೇಳಿದ್ದು... ಅದು..."

ಅವನು ನಗುತ್ತಲೇ ಇದ್ದ. ಎತ್ತಿದ ತುಟಿಯನ್ನು ಕೆಳಗಿಳಿಸುವುದು ಹೇಗೆಂದು ತಿಳಿಯಲಿಲ್ಲ.

"ನಿಲ್ಸಿ ರೀ! ನಗಬೇಡಿ!"

ರೈಲು ಜಗ್ಗುವಷ್ಟರಲ್ಲಿ ಅವಳು ಜನರನ್ನು ತಳ್ಳಿಕೊಂಡು ಬಾಗಿಲಿಗೆ ಬಂದಿದ್ದಳು. ಯಾರೋ ಬೈದರು, ಯಾರೋ ಅವಳ ಕೈ ಹಿಡಿದು ಇಳಿಸಿದರು, ಇನ್ಯಾರೋ ಚೀಲಗಳನ್ನು ಒಂದೊಂದಾಗಿ ಹೊರಗೆಸೆದರು. ಒಂದು ಚೀಲ ಒಳಗೇ ಉಳಿದು ರೈಲಿನ ಜೊತೆ ಹೋಯಿತು, ಮಗುವಿನ ಬಟ್ಟೆಗಳಿದ್ದದ್ದು. ಅದನ್ನು ಇಬ್ಬರೂ ನೋಡಿದರು.

ಪ್ಲಾಟ್‌ಫಾರಂ ಖಾಲಿಯಾಗುವವರೆಗೆ ಬೆಂಚಿನ ಮೇಲೆ ಕೂತಿದ್ದರು. ಅವಳು ಅಳಲಿಲ್ಲ.

"ನಿನ್ನೆ ನಾನು ನಕ್ಕೆ," ಎಂದಳು.

"ನಗೋ ಹಾಗೆ ಹೇಳಿದೆ ನಾನು, ಬಿಡು."

"ಆ ಫಿಲ್ಮ್ ತೋರ್ಸಿ ನಂಗೆ."

ಉಳಿದ ಚೀಲಗಳನ್ನು ಹೊತ್ತುಕೊಂಡೇ ಆಸ್ಪತ್ರೆಗೆ ಹೋದರು. ಗಂಡ ಅಷ್ಟು ವರ್ಷ ದುಡಿದ ಕೋಣೆಯೊಳಗೆ ಅವಳು ಕಾಲಿಟ್ಟದ್ದು ಅದೇ ಮೊದಲು. ಜೊತೆಯ ಟೆಕ್ನಿಷಿಯನ್ ಹೆಂಗಸು ಅವಳನ್ನು ನೋಡಿದವಳೇ ಎದ್ದು ನಿಂತು, ಏನೂ ಕೇಳದೆ ಅವನ ಫಿಲ್ಮನ್ನು ಬೆಳಕಿನ ಪೆಟ್ಟಿಗೆಗೆ ಸಿಕ್ಕಿಸಿ, ಸ್ವಿಚ್ ಹಾಕಿ ಹೊರಗೆ ಹೋದಳು.

ಹೆಂಡತಿ ಫಿಲ್ಮಿನ ಹತ್ತಿರಕ್ಕೆ ಹೋಗಿ ಪಕ್ಕೆಲುಬುಗಳನ್ನು ನೋಡಿದಳು, ನಡುವೆ ಹೃದಯದ ನೆರಳನ್ನು ನೋಡಿದಳು. ಗಡ್ಡೆ ಯಾವುದು ಎಂದು ಯಾರೂ ತೋರಿಸಬೇಕಾಗಲಿಲ್ಲ. ಆ ಬಿಳಿಯ ಮೇಲೆ ಅಂಗೈ ಇಟ್ಟು ಮುಚ್ಚಿದಳು. ಬೆರಳ ಸಂದುಗಳು ಬೆಳಕಿಗೆ ಕೆಂಪಾದವು. ಮೂಲೆಯ ಮೇಜಿನ ಮೇಲೆ ಫೋನ್ ಇತ್ತು.

"ಮಗಳಿಗೆ ಏನು ಹೇಳೋದು?" ಎಂದು ಅವನು ಕೇಳಿದ. "ಹೆರಿಗೆ ಆಗೋವರೆಗೂ ಬೇಡ ಅಲ್ವಾ?"

ಅವಳು ಕೈ ತೆಗೆಯದೆ ಯೋಚಿಸಿದಳು.

"ಅಮ್ಮ ಬರ್ತಾ ಇಲ್ಲ ಅಂತ ಹೇಳ್ಬೇಕಲ್ಲ. ನಾನು ಫೋನ್ ಮಾಡಿದ್ರೆ ದನಿಯಲ್ಲೇ ಹಿಡಿದುಬಿಡ್ತಾಳೆ. ನೀವೇ ಮಾಡಿ. ನಂಗೆ ಕಾಲು ಉಳುಕಿದೆ, ನಡಿಯೋಕಾಗ್ತಿಲ್ಲ ಅನ್ನಿ."

"ನಂಬ್ತಾಳಾ?"

"ಎಂದಿನ ಹಾಗೇ ಹೇಳಿ," ಎಂದಳು. "ಯಾರೋ ಸತ್ತ ಹಾಗೆ."

ಅವನು ಗಂಟಲು ಸರಿಮಾಡಿಕೊಂಡು ರಿಸೀವರ್ ಎತ್ತಿದ.