ಅತ್ತೆಯ ಬನ್ಸು ಮತ್ತು ಅಡುಗೆ ಸೋಡಾ

ಕೊಪ್ಪದ ಕಾಲೇಜಿನಲ್ಲಿ ನಾನು ಕೆಮಿಸ್ಟ್ರಿ ಪಾಠ ಮಾಡುತ್ತೇನೆ. ಕಾಯಿಸಿದ ಪುಡಿಯ ತೂಕ ಎಷ್ಟು ಇಳಿಯಿತು ಎಂಬುದರಿಂದ ಅದರಲ್ಲಿ ಎಷ್ಟು ಪಾಲು ವಿಭಜನೆಯಾಯಿತು ಎಂದು ಹೇಳುವ ಲೆಕ್ಕವನ್ನು ಪ್ರತಿ ವರ್ಷ ಬೋರ್ಡಿನ ಮೇಲೆ ಬರೆಯುತ್ತೇನೆ. ಯಾರಾದರೂ ಆಕಳಿಸಿದರೆ ರೇಗುತ್ತೇನೆ.

ನನ್ನ ಅತ್ತೆಯ ಬಾಳೆಹಣ್ಣಿನ ಬನ್ಸ್ ಎಂದರೆ ನೆಂಟರು ದಾರಿ ಬಳಸಿಕೊಂಡು ಬರುತ್ತಿದ್ದರು. ಕಳೆದ ಮಳೆಗಾಲದಲ್ಲಿ ಅದು ಕಹಿಯಾಗತೊಡಗಿತು. ಬಾಯಿಗಿಟ್ಟರೆ ಸಾಬೂನು ನೆಕ್ಕಿದಂತೆ. ಹಿಟ್ಟು ಬದಲಾಯಿಸಿದ್ದಾಯಿತು, ಎಣ್ಣೆ ಬದಲಾಯಿಸಿದ್ದಾಯಿತು, ಕಹಿ ಹೋಗಲಿಲ್ಲ. ಒಂದು ದಿನ ಅತ್ತೆ ಕೈ ತೊಳೆದುಕೊಂಡು, “ನನ್ನ ಕೈರುಚಿ ಹೋಯ್ತು ಮಾರಾಯ್ತಿ. ವಯಸ್ಸಾಯ್ತಲ್ಲ. ಇನ್ನು ನೀನೇ ಮಾಡ್ಕೊ,” ಎಂದು ಜಗಲಿಗೆ ಹೋಗಿ ಕೂತರು. ಮರುದಿನವೂ ಅಡುಗೆಮನೆಗೆ ಬರಲಿಲ್ಲ. ಮಾತಿನಲ್ಲಿ ನನ್ನನ್ನು ಸೋಲಿಸದೆ ಬಿಡದ ಹೆಂಗಸು ಹಾಗೆ ಸುಮ್ಮನಾದದ್ದು ನೋಡಿ ನನಗೆ ಸಂಕಟವಾಯಿತು.

ಸಾರು ಕುದಿಸುತ್ತ ನಿಂತಾಗ ಬನ್ಸಿನ ಹಿಟ್ಟಿಗೆ ಹಾಕುವ ಅಡುಗೆ ಸೋಡಾದ ಡಬ್ಬಿ ಕಣ್ಣಿಗೆ ಬಿತ್ತು. ಮಳೆ ಹಿಡಿದರೆ ನಮ್ಮ ಕಡೆ ಉಪ್ಪು, ಹಪ್ಪಳ, ಬೆಂಕಿಪೆಟ್ಟಿಗೆ ಎಲ್ಲವೂ ಥಂಡಿ ಹಿಡಿಯದಂತೆ ಒಲೆಯ ದಂಡೆ ಸೇರುತ್ತವೆ. ಅತ್ತೆ ಸೋಡಾವನ್ನೂ ಅಲ್ಲೇ ಬೆಚ್ಚಗೆ ಕೂರಿಸಿದ್ದರು. ಮುಟ್ಟಿದರೆ ಡಬ್ಬಿ ಕೈ ಸುಡುತ್ತಿತ್ತು. ಅಡುಗೆ ಸೋಡಾ ಹೀಗೆ ಕಾಯುತ್ತಲೇ ಇದ್ದರೆ ನೀರಾವಿ, ಅನಿಲ ಬಿಟ್ಟುಕೊಟ್ಟು ಬಟ್ಟೆ ಒಗೆಯುವ ಸೋಡಾ ಆಗಿಬಿಡುತ್ತದೆ.

ಹತ್ತು ಗ್ರಾಂ ಪುಡಿ ಕಾಲೇಜಿಗೆ ಒಯ್ದು ಮೂಸೆಯಲ್ಲಿ ಕಾಯಿಸಿದೆ. ಒಳ್ಳೆಯ ಸೋಡಾ ಆಗಿದ್ದರೆ ಮೂರೂಮುಕ್ಕಾಲು ಗ್ರಾಂ ಹತ್ತಿರ ಇಳಿಯಬೇಕಿತ್ತು. ಅದರ ಅರ್ಧ ಮಾತ್ರ ಇಳಿಯಿತು. ಅಂದರೆ ಒಯ್ದ ಪುಡಿಯಲ್ಲಿ ಅರ್ಧ ಆಗಲೇ ಬಟ್ಟೆ ಸೋಡಾ. ಕೆಡುವಾಗ ತೂಕ ಇಳಿಯುತ್ತದಲ್ಲ, ಅಷ್ಟು ಬಟ್ಟೆ ಸೋಡಾ ಆಗಲು ಎಷ್ಟು ಅಡುಗೆ ಸೋಡಾ ಕೆಟ್ಟಿರಬೇಕು ಎಂದು ಹಿಂದಕ್ಕೆ ಲೆಕ್ಕ ಹಾಕಿದರೆ, ನೂರಕ್ಕೆ ಸುಮಾರು ಅರವತ್ತು ಪಾಲು.

ಸಂಜೆ ಸೋಡಾದ ಹೊಸ ಪೊಟ್ಟಣ ಹಿಡಿದು ಬಂದು ಅತ್ತೆಯ ಪಕ್ಕ ಕೂತೆ. “ತಪ್ಪು ನಿಮ್ಮ ಕೈದಲ್ಲ ಅತ್ತೆ, ಸೋಡಾದ್ದು. ಒಲೆ ಬಿಸಿಗೆ ನೂರಕ್ಕೆ ಅರವತ್ತು ಪಾಲು ಕೆಟ್ಟಿದೆ.”

ಅತ್ತೆ ಪೊಟ್ಟಣವನ್ನು ತಿರುಗಿಸಿ ನೋಡಿದರು. “ಅರವತ್ತು ಸೋಡಾದ್ದು. ಬಾಕಿ ನಲವತ್ತು ನನ್ನ ಕೈದಾ?”

ಇಷ್ಟು ವರ್ಷದಲ್ಲಿ ನನ್ನ ವಿದ್ಯಾರ್ಥಿಗಳು ಯಾರೂ ಕೇಳದ ಪ್ರಶ್ನೆ. ನಗು ಬಂತು. “ಅಲ್ಲ ಅತ್ತೆ. ಬಾಕಿ ನಲವತ್ತು ಒಳ್ಳೇ ಸೋಡಾ. ನಿಮ್ಮ ಕೈದು ಎಂತದೂ ಇಲ್ಲ.”

“ಇನ್ನೊಂದು ಸಲ ಹೇಳು.”

ಹೇಳಿದೆ. ಅತ್ತೆ ಎದ್ದು ಒಳಗೆ ಹೋಗಿ ಬಾಳೆಹಣ್ಣು ಸುಲಿಯತೊಡಗಿದರು.