ಫೈನಲ್‌ಗೆ ಬೆನ್ನು ಮಾಡಿ ನಿಂತವನು

ಸಾವಿರಾರು ಜನ ನನ್ನ ಎದುರಿಗೆ ಕೂತಿದ್ದರು. ಒಬ್ಬರೂ ನನ್ನನ್ನು ನೋಡುತ್ತಿರಲಿಲ್ಲ. ಎಲ್ಲರ ಕಣ್ಣೂ ನನ್ನ ತಲೆಯ ಮೇಲಿಂದ ಹಾದು ಹಿಂದೆಲ್ಲೋ ನೆಟ್ಟಿದ್ದವು. ಒಮ್ಮೆಲೇ ಅಷ್ಟೂ ಜನರ ಬಾಯಿ ತೆರೆಯಿತು. ಆ ಕೂಗು ಎದೆಗೆ ಗುದ್ದಿದ ಹಾಗಾಯಿತು. ಮೊದಲ ಸಾಲಿನ ದಪ್ಪ ಮನುಷ್ಯನೊಬ್ಬ ಗುರುತಿಲ್ಲದ ಪಕ್ಕದವನನ್ನು ತಬ್ಬಿಕೊಂಡು ಅಳತೊಡಗಿದ. ಯುರೋಪಿನ ಕ್ಲಬ್ಬುಗಳ ಫುಟ್‌ಬಾಲ್ ಫೈನಲ್‌ನಲ್ಲಿ ಮೊದಲ ಗೋಲು ಬಿದ್ದದ್ದು ನನಗೆ ತಿಳಿದದ್ದು ಹೀಗೆ. ಚೆಂಡು ಹೊಕ್ಕ ಬಲೆ ನನ್ನ ಬೆನ್ನ ಹಿಂದೆಯೇ ಇತ್ತು. ನಾನು ತಿರುಗಲಿಲ್ಲ.

ನನ್ನ ಊರು ಹಿರಿಯೂರು ತಾಲ್ಲೂಕಿನ ಯಲ್ಲದಕೆರೆ. ನಮ್ಮದು ಕುರಿ ಸಾಕುವ ಮನೆ. ಏಳನೇ ತರಗತಿಗೆ ಶಾಲೆ ಬಿಟ್ಟು ಅಪ್ಪನ ಜೊತೆ ಕುರಿ ಹಿಂದೆ ಹೋದೆ. ಆಮೇಲೆ ಹಿರಿಯೂರಿನಲ್ಲಿ ಲಾರಿಗೆ ಲೋಡು ಮಾಡಿದೆ, ಗಲ್ಫಿನಲ್ಲಿ ಗೋದಾಮು ನೋಡಿಕೊಂಡೆ, ಅಲ್ಲಿಂದ ಹಂಗೇರಿ ದೇಶದ ಬುಡಾಪೆಸ್ಟ್ ನಗರಕ್ಕೆ ಬಂದೆ. ಇಲ್ಲಿ ಒಂದು ಗುತ್ತಿಗೆ ಕಂಪನಿಯಲ್ಲಿ ಕ್ರೀಡಾಂಗಣದ ಕೆಲಸ. ಕುರ್ಚಿ ಒರೆಸುವುದು, ಬೇಲಿ ಕಟ್ಟುವುದು, ಆಟದ ದಿನ ಜನರನ್ನು ಕಾಯುವುದು. ಯಾವ ಕೆಲಸವನ್ನೂ ಕೀಳೆಂದು ಮಾಡಿದವನಲ್ಲ, ಯಾವ ಕೆಲಸದಲ್ಲೂ ಬೈಸಿಕೊಂಡವನಲ್ಲ.

ನಾನಿರುವುದು ಊರ ಹೊರಗಿನ ಪನೆಲ್‌ನಲ್ಲಿ. ಕಾಂಕ್ರೀಟು ಹಲಗೆಗಳನ್ನು ಒಂದರ ಮೇಲೊಂದು ಜೋಡಿಸಿ ಕಟ್ಟಿದ ಹಳೇ ಕಾಲದ ಎತ್ತರದ ಮನೆಗಳಿಗೆ ಇಲ್ಲಿ ಹಾಗನ್ನುತ್ತಾರೆ. ಹೊಸದುರ್ಗದಿಂದ ಹಿರಿಯೂರಿಗೆ ಬಸ್ಸು ಹತ್ತಿದರೆ ಇಳಿಯುವಷ್ಟರಲ್ಲಿ ಪಕ್ಕದವನಿಗೆ ನಮ್ಮ ಸೋದರಮಾವನ ಹೆಸರೂ ಗೊತ್ತಾಗಿರುತ್ತದೆ. ಇಲ್ಲಿ ಲಿಫ್ಟಿನಲ್ಲಿ ಮೈಗೆ ಮೈ ತಾಗಿಸಿ ನಿಂತವರೂ ಬಾಗಿಲನ್ನೇ ನೋಡುತ್ತಾರೆ. ಮೊದಲ ಚಳಿಗಾಲದಲ್ಲಿ ರಜೆಯ ದಿನ ಬಂತೆಂದರೆ ನನ್ನ ದನಿ ನನಗೇ ಕೇಳಿಸುತ್ತಿರಲಿಲ್ಲ.

ಆ ಮೌನ ಮುರಿದವರು ಎದುರು ಮನೆಯ ಇಲೋನಾ ನೇನಿ. ವಯಸ್ಸಾದ ಹೆಂಗಸರನ್ನು ಇಲ್ಲಿ ಹೆಸರಿನ ಕೊನೆಗೆ ನೇನಿ ಸೇರಿಸಿ ಕರೆಯಬೇಕು, ನಾವು ಅಜ್ಜಿ ಅನ್ನುವ ಹಾಗೆ. ರಾಗಿ ಸಿಗದೆ ಜೋಳದ ಹಿಟ್ಟಿನಲ್ಲಿ ಮುದ್ದೆ ತೊಳಸುತ್ತಿದ್ದೆ. ವಾಸನೆ ಹಿಡಿದು ಬಂದು ಪಾತ್ರೆ ಇಣುಕಿ, “ಪುಲಿಸ್ಕಾ” ಎಂದರು. ಅವರ ಅಜ್ಜಿಯೂ ಮಾಡುತ್ತಿದ್ದರಂತೆ. ಮರುದಿನ ಅದರ ಮೇಲೆ ಉದುರಿಸಿಕೊಳ್ಳಲು ಕುರಿ ಹಾಲಿನ ಚೀಸು ತಂದುಕೊಟ್ಟರು. ನಮ್ಮಲ್ಲಿ ಕುರಿ ಹಾಲೆಂದರೆ ಮರಿಯ ಪಾಲು. ಮೊದಲ ತುತ್ತಿಗೆ ಮರಿಯ ಬಾಯಿಂದ ಕಿತ್ತುಕೊಂಡ ಹಾಗನಿಸಿತು. ಈಗ ಅದಿಲ್ಲದೆ ಉಣ್ಣಲಾರೆ.

ಫೈನಲ್ ನಮ್ಮ ಕ್ರೀಡಾಂಗಣದಲ್ಲೇ ನಡೆಯುತ್ತದೆಂದು ಗೊತ್ತಾದ ಮೇಲೆ ನನ್ನನ್ನು ರೆಂದೆಜೋ ಕೆಲಸಕ್ಕೆ ಆರಿಸಿದರು. ಆಟದ ದಿನ ಹಳದಿ ಅಂಗಿ ತೊಟ್ಟು ಪ್ರೇಕ್ಷಕರನ್ನು ಹದ್ದುಬಸ್ತಿನಲ್ಲಿ ಇಡುವವನಿಗೆ ಆ ಹೆಸರು. ನಮ್ಮ ಮೇಲ್ವಿಚಾರಕನ ಮನೆತನದ ಹೆಸರು ಯುಹಾಸ್. ಹಾಗೆಂದರೆ ಕುರಿಗಾರ ಅಂತ ಅರ್ಥ, ಆದರೆ ಪುಣ್ಯಾತ್ಮ ಕುರಿ ಮುಟ್ಟಿದವನಲ್ಲ. ಅವನು ಹೇಳಿದ ನಿಯಮ ಒಂದೇ: ಬೆನ್ನು ಮೈದಾನಕ್ಕೆ, ಮುಖ ಜನಕ್ಕೆ. ಏನೇ ಆದರೂ ಆಟದ ಕಡೆ ತಿರುಗಬಾರದು. ತಿರುಗಿದವನು ಅಲ್ಲಿಂದಲೇ ಮನೆಗೆ. ಸರಿಯಾಗಿ ನಿಂತವರಲ್ಲಿ ಕೆಲವರಿಗೆ ಕೆಲಸ ಕಾಯಂ. ಕಾಯಂ ಆದರೆ ಹೆಂಡತಿ ಸುಧಾಳನ್ನೂ ಮಗಳನ್ನೂ ಕರೆಸಿಕೊಳ್ಳಬಹುದು. ಆಗದಿದ್ದರೆ ನನ್ನ ಪರವಾನಗಿ ಮುಗಿಯುತ್ತಿತ್ತು, ವಾಪಸು ಹೋಗಬೇಕಿತ್ತು.

ಫೋನಿನಲ್ಲಿ ಹೇಳಿದಾಗ ಸುಧಾ, “ಅಲ್ಲ ರೀ, ಮೈದಾನದಾಗೇ ಇದ್ದು ಆಟ ನೋಡಂಗಿಲ್ಲ ಅಂದ್ರೆ ಅದೆಂಥ ಕೆಲಸ?” ಎಂದಳು.

“ಕುರಿ ಕಾಯ ಕೆಲಸನೇ ಕಣೆ. ಮಂದೆ ಮ್ಯಾಲೆ ಕಣ್ಣಿರಬೇಕು, ಅಷ್ಟೇ.”

“ಅದಕ್ಕೆ ಅಷ್ಟು ದೂರ ಹೋಗಬೇಕಿತ್ತಾ? ಇಲ್ಲೇ ಅವೆಯಲ್ಲ ಮಾವಾರ ಕುರಿ.”

ಹಿಂದಿನಿಂದ ಅಪ್ಪನ ನಗು ಕೇಳಿಸಿತು. ನಾನು ನಗಲಿಲ್ಲ. ಅಂದೇ ನಿಶ್ಚಯ ಮಾಡಿಕೊಂಡೆ, ಆಕಾಶವೇ ಕಳಚಿ ಬೀಳಲಿ, ಕತ್ತು ತಿರುಗಿಸುವುದಿಲ್ಲ.

ಆಟದ ದಿನ ನನ್ನನ್ನು ಗೋಲಿನ ಹಿಂದೆ ನಿಲ್ಲಿಸಿದರು. ಎರಡೂ ತಂಡ ಬೇರೆ ದೇಶದವು. ಕಷ್ಟಪಟ್ಟು ಕಲಿತ ಹಂಗೇರಿ ಭಾಷೆಯ ಮಾತು ನನ್ನ ಎದುರಿನ ಒಬ್ಬನಿಗೂ ತಿಳಿಯಲಿಲ್ಲ. ಕುರ್ಚಿಯ ಮೇಲೆ ಹತ್ತಿದವರಿಗೆ ಕೈ ಕೆಳಗೆ ಮಾಡಿ “ಕುಂತ್ಕಳ್ರಪ್ಪ” ಅಂದೆ. ಕುಂತರು.

ಒಂದು ಗೋಲಿಗೆ ಒಂದು ಗೋಲು ಸಮವಾಗಿ, ಹೆಚ್ಚುವರಿ ಆಟವೂ ಮುಗಿದು, ಪೆನಾಲ್ಟಿಗೆ ಬಂತು. ಒಬ್ಬೊಬ್ಬನೇ ಬಂದು ಒದೆಯಬೇಕು, ಗೋಲ್‌ಕೀಪರ್ ಒಬ್ಬನೇ ತಡೆಯಬೇಕು. ಅದು ನನ್ನ ಬೆನ್ನ ಹಿಂದಿನ ಗೋಲಿನಲ್ಲೇ. ಎದುರಿನ ಜನ ಉಸಿರು ಬಿಗಿಹಿಡಿದರು. ಹಿಂದೆ ಬೂಟಿನ ಸಪ್ಪಳ, ಚೆಂಡಿನ ಸದ್ದು. ಅವರ ತಂಡದವನು ಒದ್ದಾಗ ಮುಖ ಅರಳಿದರೆ ಗೋಲು, ಕೈ ತಲೆಗೆ ಹೋದರೆ ಇಲ್ಲ; ಎದುರಾಳಿ ಒದ್ದಾಗ ತಿರುಗಾಮುರುಗಾ. ನನ್ನ ಸಾಲಿನ ಒಬ್ಬ ತಡೆಯಲಾರದೆ ತಿರುಗಿಬಿಟ್ಟ. ಅವನ ತೋಳು ಹಿಡಿದು ಕರೆದುಕೊಂಡು ಹೋದರು. ನನಗೂ ಕತ್ತಿನ ನರ ಎಳೆಯುತ್ತಿತ್ತು. ಸುಧಾಳ ಮುಖ ನೆನೆದು ಹಲ್ಲು ಕಚ್ಚಿದೆ.

ಅಷ್ಟರಲ್ಲಿ ಮೊಣಕಾಲಿಗೆ ಯಾರೋ ತಟ್ಟಿದರು. ಯುಹಾಸ್. “ಕೇತ್ ಲಾಬ್,” ಎಂದ. ಎರಡು ಕಾಲು ಅಂತ. ಕೆಳಗೆ ನೋಡಿಕೊಂಡರೆ ನನ್ನ ಬಲಗಾಲು ಎಡಮೊಣಕಾಲಿಗೆ ಒರಗಿ ಕೂತಿದೆ. ಕುರಿ ಮೇಯುವಾಗ ನಮ್ಮವರು ಕೋಲಿಗೆ ಒರಗಿ ಒಂಟಿ ಕಾಲಲ್ಲಿ ನಿಲ್ಲುತ್ತಾರಲ್ಲ, ಹಾಗೆ. ಕೈಯಲ್ಲಿ ಕೋಲೂ ಇರಲಿಲ್ಲ. ಯಾವಾಗ ಎತ್ತಿದೆನೋ ದೇವರಿಗೇ ಗೊತ್ತು. ಕಾಲಿಳಿಸಿದೆ. ಇಷ್ಟು ಮಾಡಿ ಕಾಲಿನಿಂದ ಕೆಟ್ಟೆನಲ್ಲ ಅನಿಸಿತು. ಗೆದ್ದ ತಂಡ ಯಾವುದೆಂದೂ ಆ ಗಳಿಗೆಯಲ್ಲಿ ನನಗೆ ಬೇಕಿರಲಿಲ್ಲ.

ಜನ ಖಾಲಿಯಾದ ಮೇಲೆ ಯುಹಾಸ್ ಬಂದ. “ನೀನೊಬ್ಬ ಕೊಕ್ಕರೆ,” ಎಂದ. “ಆದರೆ ತಿರುಗಲಿಲ್ಲ. ನಾಳೆ ಆಫೀಸಿಗೆ ಬಾ, ಸಹಿ ಹಾಕು.” ನಾನು ತಲೆಯಾಡಿಸಿದೆ. ಅವನು ಹೋದ ಮೇಲೆ ಮೊದಲ ಸಲ ಮೈದಾನದ ಕಡೆ ತಿರುಗಿದೆ. ಹುಲ್ಲು ಬಹಳ ಹಸಿರಾಗಿತ್ತು. ಇಷ್ಟು ಹುಲ್ಲಿಗೆ ನಮ್ಮ ಕುರಿ ಬಿಟ್ಟರೆ ಎಷ್ಟು ಹೊತ್ತು ಬಂದೀತು ಎಂದು ಲೆಕ್ಕ ಹಾಕಿದೆ.

ಮಾರನೆಯ ದಿನ ಊರಿಂದ ಫೋನು. ಅಪ್ಪ ಮೊದಲು ಮಾತಾಡಿದರು.

“ಲೇ ಈರ, ಟಿವೀಲಿ ನಿನ್ನ ಕಂಡೆ ಕಣ್ಲಾ.”

“ಬೆನ್ನು ಕಂಡಿರಬೇಕು ಕಣಪ್ಪ. ಹೆಂಗೆ ಗುರುತು ಸಿಕ್ತು?”

“ಹಳದಿ ಅಂಗಿ ಎಲ್ಲಾರೂ ಹಾಕಿದ್ರು. ಒಂಟಿ ಕಾಲಾಗೆ ನಿಂತಿದ್ದೋನು ನೀನೊಬ್ನೇ. ಮಂದೇಲಿ ಒಂದೂ ತಪ್ಪಿಸ್ಕಳಲಿಲ್ಲ ತಾನೇ?”

“ಇಲ್ಲಪ್ಪ.”

“ಸರಿ ಬಿಡು.”

ಸುಧಾಳನ್ನೂ ಮಗಳನ್ನೂ ಕರೆತರಲು ಮೊನ್ನೆ ಊರಿಗೆ ಹೋಗಿದ್ದೆ. ಸಂಜೆ ಅಪ್ಪನ ಜೊತೆ ಕುರಿಯ ಕಡೆ ಹೋದೆ. ನನ್ನ ತಮ್ಮ ಮಂದೆಯ ಆಚೆ ಬದಿಯ ದಿಬ್ಬದಲ್ಲಿದ್ದ. ಅಪ್ಪ ಕೋಲಿಗೆ ಒರಗಿ ಕಾಲು ಮಡಿಚಿ ನಿಂತರು. ನಾನೂ ಪಕ್ಕದಲ್ಲಿ ನಿಂತೆ. ಗಾಳಿ ಅದೇ, ಮಂದೆಯ ವಾಸನೆ ಅದೇ. ಅಪ್ಪ ಸ್ವಲ್ಪ ಹೊತ್ತು ನನ್ನ ಕಾಲನ್ನೇ ನೋಡಿದರು.

“ಯಾಕ್ಲಾ, ಹಂಗೆ ಎರಡೂ ಕಾಲು ಊರ್ಕಂಡು ನಿಂತಿದ್ದೀಯ? ಮಂಡಿ ನೋವೈತೇನು?”