ಅಕ್ಕೋರ ಪತ್ರ ತಲುಪಿದ ದಿನ

೧೯೯೯ರಲ್ಲಿ ನಾನು ಕುಮಟಾದಲ್ಲಿ ಕುಡಿಯುವ ನೀರಿನ ಯೋಜನೆಗಳ ಅಸಿಸ್ಟೆಂಟ್ ಎಂಜಿನಿಯರ್. ಅಘನಾಶಿನಿ ಅಳಿವೆಯ ದಂಡೆಯ ಒಂದು ಊರಿಗೆ ನಲ್ಲಿ ಹಾಕಿಸುವುದು ನನ್ನ ಪಾಲಿಗೆ ಬಂದ ಮೊದಲ ಸ್ವತಂತ್ರ ಕೆಲಸ. ಆ ಊರಿನಲ್ಲಿ ಸಿಹಿನೀರಿನ ಬಾವಿ ಇದ್ದದ್ದು ಒಂದೇ. ಅದಕ್ಕೆ ಪಂಪ್ ಕೂರಿಸಿ, ಟ್ಯಾಂಕ್ ಕಟ್ಟಿ, ಮನೆಮನೆಗೆ ನೀರು ಕೊಡಬೇಕಿತ್ತು.

ಆದರೆ ಆ ಊರಿನಲ್ಲಿ ಎಲ್ಲಿ ಹೋದರೂ ಒಂದೇ ಹೆಸರು: ಮಾಲಿನಿ ಅಕ್ಕೋರು. ಶಾಲೆಯ ಟೀಚರ್ ನೌಕರಿ ಬಿಟ್ಟು ನೀರಿನ ಹಕ್ಕಿಗಾಗಿ ಊರೂರು ತಿರುಗುತ್ತಿದ್ದ, ಪತ್ರಿಕೆಗಳಿಗೆ ಬರೆಯುತ್ತಿದ್ದ ಹೆಂಗಸು. ನಾನು ಬಿಸಿಲಲ್ಲಿ ಸರ್ವೆ ಮಾಡಿ ಬೆಂದರೂ ಒಂದು ಲೋಟ ನೀರು ಕೊಡುವವರಿಲ್ಲ. ಅವರು ಬಸ್ಸಿಳಿದರೆ ಸಾಕು, ಚಿಪ್ಪಿ ಹೆಕ್ಕುವ ಹೆಂಗಸರು ಬುಟ್ಟಿ ಅಲ್ಲೇ ಬಿಟ್ಟು ಓಡಿ ಬರುತ್ತಿದ್ದರು. ನನ್ನ ಡಿಗ್ರಿಗೆ ಏನು ಬೆಲೆ ಬಂತು? ಹೊಟ್ಟೆಕಿಚ್ಚು ಎಂದು ಬರೆಯಲು ಈಗ ನಾಚಿಕೆಯಿಲ್ಲ. ಅವರ ಲೇಖನ ಬಂದ ದಿನ ನನಗೆ ಊಟ ಸೇರುತ್ತಿರಲಿಲ್ಲ. ತಪ್ಪು ಹುಡುಕಲೆಂದೇ ಎರಡೆರಡು ಸಲ ಓದುತ್ತಿದ್ದೆ. ಸಿಗುತ್ತಿರಲಿಲ್ಲ, ಅದು ಇನ್ನೂ ಉರಿ.

ಪಂಪ್ ಕೂರಿಸಲು ಒಂಬತ್ತು ದಿನ ಇರುವಾಗ ಅವರ ಪತ್ರ ಬಂತು. ಕಡಲಂಚಿನ ಬಾವಿಯಲ್ಲಿ ಮಳೆಯ ಸಿಹಿನೀರು ಹಗುರ, ಮೇಲೆ ನಿಂತಿರುತ್ತದೆ, ಉಪ್ಪುನೀರು ಅಡಿಯಲ್ಲಿರುತ್ತದೆ. ಅದಕ್ಕೇ ಅಲ್ಲಿನ ಹೆಂಗಸರು ಕೊಡವನ್ನು ಪೂರ್ತಿ ಮುಳುಗಿಸದೆ ಮೇಲ್ಮೇಲಿನ ನೀರನ್ನಷ್ಟೇ ಸೇದುತ್ತಾರೆ. ನಿಮ್ಮ ಫುಟ್ ವಾಲ್ವ್ ಅಡಿಗೆ ಇಳಿದರೆ ಬಾವಿ ಕೆಡುತ್ತದೆ ಎಂದು ಬರೆದಿದ್ದರು. ಫುಟ್ ವಾಲ್ವ್ ಎಂದರೆ ನೀರೆಳೆಯುವ ಪೈಪಿನ ತುದಿಗೆ ಹಾಕುವ ಕವಾಟ. ಓದುತ್ತಲೇ ಸರಿ ಎಂದು ಗೊತ್ತಾಯಿತು. ಕಾಲೇಜಿನಲ್ಲಿ ನಾನೂ ಓದಿ, ಮರೆತ ಪಾಠ ಅದು. ಆದರೆ ಹೇಳಿದವರು ಅವರಾಗಿಬಿಟ್ಟರಲ್ಲ! ಪತ್ರವನ್ನು ಫೈಲಿನ ತಳಕ್ಕೆ ಹಾಕಿ, ವಾಲ್ವನ್ನು ಅಡಿಗೇ ಇಳಿಸಿದೆ.

ಮೂರನೇ ವಾರ ನಲ್ಲಿಯಲ್ಲಿ ಉಪ್ಪುನೀರು ಬಂತು. ಬಾವಿಯ ಮೇಲಿನ ನೀರೂ ಬಾಯಿಗೆ ಹಾಕುವಂತಿರಲಿಲ್ಲ.

ಹೆಂಗಸರೆಲ್ಲ ಬಾವಿಕಟ್ಟೆಯ ಬಳಿ ಸೇರಿದರು. ಅಕ್ಕೋರೂ ಬಂದಿದ್ದರು. ಚಿಪ್ಪಿ ಹೆಕ್ಕುವ ನಾಗಮ್ಮ ನನ್ನನ್ನೇ ಹಿಡಿದು ಕೇಳಿದಳು: “ಅಕ್ಕೋರು ಪತ್ರ ಬರಿತೆ ಅಂದಿದ್ರಲ್ಲ ಒಡ್ಯಾ, ಅದು ಎಂತ ಆತು?”

“ಬಂತು. ಪಂಪ್ ಕೂರಿಸಿದ ಮೇಲೆ ಬಂತು,” ಎಂದುಬಿಟ್ಟೆ.

ಎಲ್ಲರ ಮುಖ ಅಕ್ಕೋರ ಕಡೆ ತಿರುಗಿತು. ಅವರು ವಾದಿಸಲಿಲ್ಲ. “ಅಂಚೆಗೆ ಹಾಕೋದು ಎರಡು ದಿನ ತಡ ಮಾಡಿದ್ದೆ. ನಂದೇ ತಪ್ಪು,” ಎಂದರು. ಆಗ ನನಗೆ ಸಂತೋಷವೇ ಆಯಿತು.

ಪಂಪ್ ಬಿಚ್ಚಿಸಿದೆ. ಬಾವಿ ಮತ್ತೆ ಸಿಹಿಯಾಗಲು ಎರಡು ಮಳೆಗಾಲ ಹಿಡಿಯಿತು. ಅಲ್ಲಿಯವರೆಗೆ ಹೆಂಗಸರು ಪಕ್ಕದ ಊರಿನಿಂದ ನೀರು ಹೊತ್ತರು. ಅಷ್ಟರಲ್ಲಿ ನನಗೆ ಹೊನ್ನಾವರಕ್ಕೆ ವರ್ಗವಾಗಿತ್ತು.

೨೦೦೫ರಲ್ಲಿ ಅಕ್ಕೋರ ಪುಸ್ತಕ ಬಂತು. ಹೊನ್ನಾವರದ ಅಂಗಡಿಯಲ್ಲಿ ಕೊಂಡು, ನನ್ನನ್ನು ಎಷ್ಟು ಬೈದಿದ್ದಾರೆಂದು ನೋಡಲು ನಿಂತಲ್ಲೇ ಪುಟ ತಿರುವಿದೆ. ಬೈಗುಳ ಇರಲಿಲ್ಲ. ‘ನನ್ನ ಪತ್ರ ತಡವಾಯಿತು. ನನ್ನ ಉದಾಸೀನಕ್ಕೆ ಆ ಹೆಂಗಸರು ಎರಡು ವರ್ಷ ನೀರು ಹೊತ್ತರು’ ಎಂದಿತ್ತು. ತಪ್ಪನ್ನು ಹೀಗೆ ಒಪ್ಪಿಕೊಳ್ಳುವುದು ನನ್ನಿಂದ ಈ ಜನ್ಮದಲ್ಲಿ ಆಗದು ಎಂದು ಅಲ್ಲೂ ಹೊಟ್ಟೆ ಉರಿಯಿತು, ನೋಡಿ.

ಆದರೂ ಆ ರವಿವಾರ ಕುಮಟಾದ ಅವರ ಮನೆಗೆ ಹೋಗಿ ನಿಜ ಹೇಳಿದೆ. ಪೂರ್ತಿ ಕೇಳಿಸಿಕೊಂಡರು. ಆಮೇಲೆ, “ನನಗೆ ಹೇಳಿ ಎಂತ ಮಾಡ್ತೀರಿ? ನಾಗಮ್ಮನಿಗೆ ಹೇಳಿ ಬನ್ನಿ,” ಎಂದರು.

ಹೋದೆ. ನಾಗಮ್ಮ ಬಾವಿಕಟ್ಟೆಯಲ್ಲೇ ಸಿಕ್ಕಳು. ಕೇಳಿ ಕೊಡ ಕೆಳಗಿಟ್ಟಳು.

“ಅಯ್ಯೋ ದೇವ್ರೇ! ಅದ್ರ ಮೇಲೆ ಅಕ್ಕೋರು ಬಂದ್ರೆ ನಾಂವು ಮಾತೇ ಆಡ್ತಿರ್ಲಿಲ್ಲ ಒಡ್ಯಾ. ಅವ್ರು ಈ ಊರಿಗೆ ಬರೂದೇ ಬಿಟ್ಟು ಐದು ವರ್ಷಾತು.”

ನಾನು ಬಯಸಿದ್ದೂ ಅದನ್ನೇ. ಆಮೇಲೆ ನಿವೃತ್ತಿಯಾಗುವವರೆಗೂ, ಯಾರ ಪತ್ರವೇ ಬರಲಿ, ಸಹಿ ಇರುವ ಭಾಗವನ್ನು ಹಿಂದಕ್ಕೆ ಮಡಚಿಟ್ಟೇ ಓದುತ್ತಿದ್ದೆ.